ನೂರ ಎಂಬತ್ಮೂರು ಕಂತು

ನಾನು ಕಬ್ಬಿಣ ಉಜ್ಜೋಳು. ಹೆಸರು ಶಾಮಲಾ. ಮಾಚೇನಹಳ್ಳಿಯ ಒಂದು ಫೌಂಡ್ರಿಯಲ್ಲಿ ಹದಿನಾರು ವರ್ಷದಿಂದ ಇದೇ ಕೆಲಸ. ಎರಕ ಹೊಯ್ದ ಕಬ್ಬಿಣ ತಣ್ಣಗಾದ ಮೇಲೆ ಅದರ ಮೈಗೆ ಮುಳ್ಳು, ಅಂಚು, ಸುಟ್ಟ ಮರಳು ಅಂಟಿಕೊಂಡಿರುತ್ತೆ. ಗ್ರೈಂಡರ್ ಹಿಡಿದು ಅದನ್ನ ತೆಗೀಬೇಕು. ದಿನಕ್ಕೆ ಎಂಟು ಗಂಟೆ ನಿಂತೇ ಇರಬೇಕು. ಮನೆಗೆ ಬಂದು ಮೂಗು ಸೀನಿದರೆ ಕರಿ. ಉಗುಳಿದರೆ ಕರಿ. ಊಟಕ್ಕೆ ಕೂತಾಗಲೂ ಕೈ ನಡುಗ್ತಾನೇ ಇರುತ್ತೆ. ತುತ್ತು ಬಾಯಿಗೆ ಬರೋಷ್ಟರಲ್ಲಿ ಅರ್ಧ ಅನ್ನ ಸೀರೆ ಮೇಲೆ.

ನನ್ನ ಗಂಡ ಭೀಮೇಶ್ ಅದೇ ಫೌಂಡ್ರಿಯಲ್ಲಿ ಕುಲುಮೆ ಹತ್ರ. ಕರಗಿದ ಕಬ್ಬಿಣವನ್ನ ಅಚ್ಚಿಗೆ ಹೊಯ್ಯೋನು.

ಇದನ್ನ ಮೊದಲೇ ಹೇಳಿಬಿಡ್ತೀನಿ. ಮುಂದೆ ಬರೀ ದುಡ್ಡಿನ ಮಾತು ಬರುತ್ತೆ. ದುಡ್ಡಿನ ಮಾತಾಡೋರು ಆ ದುಡ್ಡು ಯಾರ ಮೈಯಿಂದ ಇಳಿದು ಬಂತು ಅಂತ ಯಾವತ್ತೂ ಹೇಳಲ್ಲ.

ನಾವು ಮಾದಿಗರು. ಹೇಳೋಕೆ ನನಗೆ ನಾಚಿಕೆ ಇಲ್ಲ. ಕೇಳೋರಿಗೆ ಇದೆ. ಭದ್ರಾವತಿಯಲ್ಲಿ ಆರು ವರ್ಷದಲ್ಲಿ ನಾಲ್ಕು ಬಾಡಿಗೆ ಮನೆ ಬದಲಾಯಿಸಿದ್ದೀವಿ. ಗೇಟಿಗೆ ‘ಮನೆ ಖಾಲಿ ಇದೆ’ ಬೋರ್ಡು. ಒಳಗೆ ಹೋದರೆ ಮೊದಲ ಪ್ರಶ್ನೆ ಅಡ್ವಾನ್ಸಿನದಲ್ಲ. ‘ನೀವು ಯಾವ ಪೈಕಿ?’ ನಿಜ ಹೇಳಿದರೆ ಮನೆ ಆಗಲೇ ಯಾರಿಗೋ ಮಾತಾಗಿರುತ್ತೆ. ಸುಳ್ಳು ಹೇಳಿದರೆ ನಾಲ್ಕು ತಿಂಗಳು ನಡೆಯುತ್ತೆ. ಕೊನೆ ಮನೆಯವಳು ಮಗನ ಮದುವೆ ಇದೆ, ವಾರದೊಳಗೆ ಖಾಲಿ ಮಾಡಿ ಅಂದಳು. ಅವಳಿಗಿದ್ದಿದ್ದು ಎರಡೂ ಹೆಣ್ಣು.

ಅವತ್ತು ಸಾಮಾನು ಆಟೋಗೆ ಏರಿಸ್ತಾ ಭೀಮೇಶ್ ಹೇಳಿದ, ‘ಸಾಕು ಮಾರಾಯ್ತಿ. ನಮ್ದೇ ಒಂದು ಗೋಡೆ ಆಗಲಿ.’

ಊರಾಚೆ ನಮ್ಮ ಜನವೇ ಸೇರಿ ಕೊಂಡಿದ್ದ ಜಾಗದಲ್ಲಿ ಇಪ್ಪತ್ತಕ್ಕೆ ಮೂವತ್ತರ ಒಂದು ಸೈಟು ನಮಗಿತ್ತು. ಖಾತೆ ಇತ್ತು. ಕಂದಾಯ ಕಟ್ಟಿದ ರಸೀದಿ ಇತ್ತು. ಎಲ್ಲ ಹಿಡಿದು ದೊಡ್ಡ ಬ್ಯಾಂಕಿಗೆ ಹೋದೆವು. ಅಲ್ಲಿಯ ಮೇಡಂ ಕಾಗದ ಬಿಚ್ಚಿಯೂ ನೋಡಲಿಲ್ಲ. ವಿಳಾಸ ಓದಿದಳು, ಅಷ್ಟೆ.

‘ಆ ಏರಿಯಾ ನಮ್ಮ ಲಿಸ್ಟಲ್ಲಿ ಬರಲ್ಲಮ್ಮ.’

‘ಯಾವ ಲಿಸ್ಟು ಮೇಡಂ?’

‘ಅದು ಒಳಗಿನ ಲಿಸ್ಟು.’

ಅದೇ ಬ್ಯಾಂಕು ನಮ್ಮ ಫೌಂಡ್ರಿ ಯಜಮಾನ್ರು ಶಿವಶಂಕರಪ್ಪನವರಿಗೆ ಶಿವಮೊಗ್ಗದ ಹೊಸಮನೆ ಬಡಾವಣೆಯಲ್ಲಿ ಮಹಡಿ ಮನೆ ಕಟ್ಟೋಕೆ ಅರವತ್ತು ಲಕ್ಷ ಕೊಟ್ಟಿತ್ತು. ಹೊಸಮನೆ ಲಿಸ್ಟಲ್ಲಿ ಬರುತ್ತೆ.

ಹದಿನೈದು ದಿನಕ್ಕೆ ಜ್ಞಾನೇಶ್ ಬಂದ. ಹೌಸಿಂಗ್ ಫೈನಾನ್ಸ್ ಕಂಪನಿಯೊಂದರ ಏಜೆಂಟು. ಆಫೀಸು ಶಿವಮೊಗ್ಗದ ದುರ್ಗಿಗುಡಿ ಹತ್ರ. ಬ್ಯಾಂಕು ತಳ್ಳಿದವರು ಎಲ್ಲಿ ಬಿದ್ದಿರ್ತಾರೆ ಅಂತ ಇಂಥವರಿಗೆ ವಾಸನೆ ಬರುತ್ತೆ. ನಮ್ಮ ಬಾಡಿಗೆ ಕೋಣೆಗೆ ಬಂದು ಚಾಪೆ ಮೇಲೆ ಚಕ್ಕಳಮಕ್ಕಳ ಹಾಕಿ ಕೂತ. ನಾನು ಹೆದರ್ತಾ ಹೆದರ್ತಾ ಟೀ ಕೊಟ್ಟೆ. ಕುಡಿದ. ‘ಇನ್ನೊಂದು ಲೋಟ ಸಿಗುತ್ತಾ ಅಕ್ಕಾ?’ ಅಂದ.

ಕರಗಿ ಹೋದೆವು. ನಮ್ಮಂಥ ಮೂರ್ಖರು ಇನ್ನಿಲ್ಲ. ಮೇಲಿನವನೊಬ್ಬ ನಮ್ಮ ಮನೆ ಟೀ ಕುಡಿದ ಅನ್ನೋದೇ ಒಂದು ಗ್ಯಾರಂಟಿ ಅಂದುಕೊಂಡೆವು. ಅವನಿಗೆ ಅದು ಗೊತ್ತಿತ್ತು. ಅವನ ಕಸುಬೇ ಅದು. ದಿನಕ್ಕೆ ಎಂಟು ಮನೆ, ಎಂಟು ಟೀ.

‘ಹತ್ತು ಲಕ್ಷ. ಹದಿನೈದು ವರ್ಷ. ತಿಂಗಳಿಗೆ ಹನ್ನೆರಡು ಸಾವಿರದ ಮುನ್ನೂರ ಇಪ್ಪತ್ತೈದು. ಬಾಡಿಗೆ ಕಟ್ಟಿದ ಹಾಗೇ ಅಂದ್ಕೊಳ್ಳಿ. ಕೊನೆಗೆ ಮನೆ ನಿಮ್ದು.’

ನೂರ ಎಂಬತ್ತು ಕಂತು. ನೂರ ಎಂಬತ್ತನ್ನ ಹನ್ನೆರಡು ಸಾವಿರದಿಂದ ಗುಣಿಸಿದರೆ ಎಷ್ಟಾಗುತ್ತೆ ಅಂತ ಅವನು ಹೇಳಲಿಲ್ಲ. ನಾವೂ ಕೇಳಲಿಲ್ಲ. ಇಪ್ಪತ್ತೆರಡು ಲಕ್ಷ ಆಗುತ್ತೆ. ಎರಡು ರೂಪಾಯಿ ಬೆಂಡೆಕಾಯಿಗೆ ಚೌಕಾಸಿ ಮಾಡೋಳು ನಾನು.

ನಮ್ಮ ಸಂಬಳ ಆ ಕಂತಿಗೆ ಸಾಲ್ತಿರಲಿಲ್ಲ. ಅರ್ಜಿಯಲ್ಲಿ ನನಗೆ ಟೈಲರಿಂಗಿಂದ ಎಂಟು ಸಾವಿರ ಬರುತ್ತೆ ಅಂತ ಅವನೇ ಬರಕೊಂಡ. ನನ್ನ ಕೈ ನಡುಕಕ್ಕೆ ಸೂಜಿಗೆ ದಾರ ಪೋಣಿಸೋಕೂ ಬರಲ್ಲ.

ಸಹಿ ಹಾಕೋ ದಿನ ಇಂಗ್ಲಿಷಿನ ದಪ್ಪ ಕಟ್ಟು. ‘ಇಲ್ಲಿ. ಇಲ್ಲಿ. ಇಲ್ಲೂ.’ ಐವತ್ತು ಕಡೆ ಹಾಕಿದ್ದೀವಿ. ಭೀಮೇಶನ ಬೆರಳು ಸುಟ್ಟು ಸುಟ್ಟು ದಪ್ಪಗಾಗಿವೆ. ಪೆನ್ನು ಜಾರ್ತಿತ್ತು. ಟೇಬಲ್ಲಿನ ಆಚೆ ಕೂತಿದ್ದೋನು ನಕ್ಕ. ಕೈಗೆ ಬಂದಿದ್ದು ಒಂಬತ್ತು ಲಕ್ಷ ಇಪ್ಪತ್ತು ಸಾವಿರ. ಉಳಿದ ಎಂಬತ್ತು ಸಾವಿರ? ಇನ್ಶೂರೆನ್ಸು, ಫೀಸು, ವಕೀಲರದ್ದು. ಅದಕ್ಕೂ ಬಡ್ಡಿ ನಾವೇ ಕಟ್ಟಬೇಕು.

ಮನೆಯನ್ನ ಮೇಸ್ತ್ರಿ ಕಟ್ಟಿದ, ಆಳು ನಾವೇ. ಏಳು ತಿಂಗಳು ಭಾನುವಾರ ಅನ್ನೋದು ಇರಲಿಲ್ಲ. ಜಲ್ಲಿ ನಾನು ಹೊತ್ತೆ. ಮರಳು ಜರಡಿ ಹಿಡಿದೆ. ಬೆಳಿಗ್ಗೆ ಫೌಂಡ್ರಿಗೆ ಹೋಗೋ ಮುಂಚೆ ಗೋಡೆಗೆ ನಲವತ್ತು ಕೊಡ ನೀರು, ಬಂದ ಮೇಲೆ ನಲವತ್ತು. ತಾರಸಿ ಮೋಲ್ಡಿನ ದಿನ ಸಿಮೆಂಟು ತಿಂದು ನನ್ನ ಅಂಗಾಲಿನ ಚರ್ಮ ಕಿತ್ತು ಬಂತು.

ಒಕ್ಕಲು ಬಂದ ವಾರದಲ್ಲೇ ಕಂಪನಿಯ ಇಬ್ಬರು ಬಣ್ಣದ ಡಬ್ಬಿ ತಂದರು. ನಾವಿಬ್ಬರೂ ಕೆಲಸಕ್ಕೆ ಹೋಗಿದ್ದೆವು. ಬಂದು ನೋಡಿದರೆ ಬೀದಿ ಕಡೆಯ ಗೋಡೆ ಮೇಲೆ ನೀಲಿ ಅಕ್ಷರ. ‘ಈ ಮನೆ ನಮ್ಮ ಸಂಸ್ಥೆಗೆ ಅಡಮಾನವಾಗಿದೆ.’ ಮೊಳದುದ್ದದ ಅಕ್ಷರ. ಎಮ್ಮೆಗೆ ಬರೆ ಹಾಕಿದ ಹಾಗೆ. ಹೊಸಮನೆಯ ಅರವತ್ತು ಲಕ್ಷದ ಮನೆ ಮುಂದೆ ಇಂಥದ್ದೇನೂ ಇಲ್ಲ. ಅಲ್ಲಿ ಗ್ರಾನೈಟಿನಲ್ಲಿ ಯಜಮಾನ್ರ ಹೆಸರಿದೆ.

ಕಂತು ಶುರುವಾಗಿದ್ದು ಎರಡು ಸಾವಿರದ ಹದಿನೇಳರ ಸೆಪ್ಟೆಂಬರ್. ಒಂದೂ ತಪ್ಪಿಸಲಿಲ್ಲ. ಒಂದೇ ಒಂದು ಸಲ ಸಂಬಳ ಎರಡು ದಿನ ತಡವಾಯ್ತು. ದಂಡ ಬಿತ್ತು. ಬೈಕಲ್ಲಿ ಇಬ್ಬರು ಬಂದು ಬೀದಿಯಲ್ಲೇ ನಿಂತು ಕೂಗಿದರು. ‘ಮನೆ ಬೇಕು, ದುಡ್ಡು ಕಟ್ಟೋಕಾಗಲ್ವಾ?’ ಪಕ್ಕದ ಮನೆ ಹುಚ್ಚಮ್ಮ ಹೊರಗೆ ಬಂದು, ‘ಮೆಲ್ಲಗೆ ಮಾತಾಡ್ರಪ್ಪಾ, ನಿಮ್ಮಪ್ಪನ ಮನೆ ಗಂಟಲೇನು’ ಅಂದಳು. ಹುಚ್ಚಮ್ಮ ಗಂಡ ಸತ್ತೋಳು, ಸೊಪ್ಪು ಮಾರ್ತಾಳೆ. ಅವಳ ಗೋಡೆ ಮೇಲೂ ಅದೇ ನೀಲಿ ಅಕ್ಷರ.

ಕೊರೊನಾ ಬಂತು. ಫೌಂಡ್ರಿ ಮುಚ್ಚಿತು. ಜ್ಞಾನೇಶ್ ಫೋನ್ ಮಾಡಿದ. ‘ಆರು ತಿಂಗಳು ಕಟ್ಟೋದು ಬೇಡ ಅಕ್ಕಾ. ಆರಾಮಾಗಿರಿ.’ ನಾನು ಫೋನಿಗೇ ಕೈ ಮುಗಿದೆ.

ಆಮೇಲೆ ಭೀಮೇಶನ ಕಾಲ ಮೇಲೆ ಕಬ್ಬಿಣ ಚೆಲ್ಲಿತು. ಮೂರು ತಿಂಗಳು ಮಲಗಿದ. ನಾನು ಎರಡು ಪಾಳಿ ಮಾಡಿದೆ. ಓಲೆ ಅಡ ಇಟ್ಟೆ. ಅವನ ಕಾಲಿಗೆ ಮುಲಾಮು ತರೋದು ತಡವಾಯ್ತು. ಕಂತು ತಡವಾಗಲಿಲ್ಲ.

ಹೀಗೆ ಎಂಬತ್ತೆರಡು ಕಂತು ಕಟ್ಟಿದೆವು. ಹತ್ತು ಲಕ್ಷ ಹತ್ತು ಸಾವಿರ. ನನ್ನ ಲೆಕ್ಕದಲ್ಲಿ ಹತ್ತಿರ ಹತ್ತಿರ ಅರ್ಧ ಮುಗಿದಿತ್ತು.

ಹೋದ ಚಳಿಗಾಲದಲ್ಲಿ ಭೀಮೇಶನಿಗೆ ಕೆಮ್ಮು ಹಿಡಿಯಿತು. ಎದೆಯೊಳಗೆ ಜರಡಿ ಆಡಿಸಿದ ಸದ್ದು. ಡಾಕ್ಟರು ಎದೆಯ ಫೋಟೋ ನೋಡಿ, ‘ಈ ಕೆಲಸ ಬಿಡಿ’ ಅಂದರು. ಬಿಡಬೇಕಾದರೆ ಸಾಲ ಇನ್ನೆಷ್ಟಿದೆ ಗೊತ್ತಾಗಬೇಕಲ್ಲ. ಜನವರಿಯಲ್ಲಿ ರಜೆ ಹಾಕಿ ಶಿವಮೊಗ್ಗಕ್ಕೆ ಹೋದೆ. ಲೆಕ್ಕದ ಪಟ್ಟಿ ಕೊಡಿ ಅಂದೆ. ‘ಸರ್ವರ್ ಡೌನ್.’ ಎರಡನೇ ಸಲ ಹೋದೆ. ‘ಆ ಮೇಡಂ ಲೀವು.’ ಮೂರನೇ ಸಲ ಟೇಬಲ್ ಮುಂದೆ ಅಲ್ಲಾಡದೆ ನಿಂತೆ. ನನ್ನ ಸೀರೆಯ ಕಬ್ಬಿಣದ ವಾಸನೆ ತಡೀಲಾರದೆ ಕೊಟ್ಟರೋ ಏನೋ, ಏಳು ಹಾಳೆ ಕೊಟ್ಟರು. ಮೂರು ದಿನದ ಕೂಲಿ ಹೋಯಿತು.

ಫೌಂಡ್ರಿ ಆಫೀಸಲ್ಲಿ ಲೆಕ್ಕ ಬರೆಯೋ ರಶ್ಮಿ ಒಳ್ಳೆ ಹುಡುಗಿ. ಊಟದ ಹೊತ್ತಲ್ಲಿ ಹಾಳೆ ಅವಳ ಮುಂದಿಟ್ಟೆ. ನೋಡಿದಳು. ತಿರುವಿದಳು. ಕಂಪ್ಯೂಟರಲ್ಲಿ ಏನೋ ಕುಟ್ಟಿದಳು. ಮತ್ತೆ ಮೊದಲಿಂದ ನೋಡಿದಳು.

‘ಅಕ್ಕಾ, ನಿಮ್ಗೆ ಹೆಂಗೆ ಹೇಳ್ಲಿ. ಇನ್ನೂ ನೂರ ಎಂಬತ್ಮೂರು ಕಂತಿದೆ.’

‘ನೂರ ಎಂಬತ್ತು ಅಂದಿದ್ರಲ್ಲ?’

‘ಅದು ಒಟ್ಟು. ಇದು ಉಳಿದಿದ್ದು.’

ನನಗೆ ತಿಳಿಯಲಿಲ್ಲ. ಏಳು ವರ್ಷ ಕಟ್ಟಿದ ಮೇಲೆ, ಹೊರಟಿದ್ದಕ್ಕಿಂತ ಮೂರು ಹೆಚ್ಚು ಹೇಗೆ ಉಳಿಯುತ್ತೆ? ರಶ್ಮಿ ಬೆರಳಿಟ್ಟು ತೋರಿಸಿದಳು. ಮೊದಲ ಮೂವತ್ತು ಕಂತಲ್ಲಿ ಅಸಲು ಇಳಿದಿದ್ದು ಅರವತ್ತಾರು ಸಾವಿರ. ಕೊರೊನಾದಲ್ಲಿ ಆರಾಮಾಗಿರಿ ಅಂದ ಆರು ತಿಂಗಳಲ್ಲಿ ಬಡ್ಡಿ ಸೇರಿ ಅರವತ್ತು ಸಾವಿರ ವಾಪಸ್ ಏರಿತ್ತು. ಆಮೇಲೆ ಬಡ್ಡಿ ಹನ್ನೆರಡೂವರೆಯಿಂದ ಹದಿನಾಲ್ಕೂವರೆ ಮಾಡಿದ್ದರು. ಕಂತು ಏರಿಸಿದರೆ ನಮಗೆ ಗೊತ್ತಾಗ್ತಿತ್ತು, ಜಗಳಕ್ಕೆ ಹೋಗ್ತಿದ್ದೆವು. ಅದಕ್ಕೆ ಕಂತು ಮುಟ್ಟಲಿಲ್ಲ. ವರ್ಷ ಏರಿಸಿದರು. ಸದ್ದಿಲ್ಲದೆ.

‘ಹೋದ ತಿಂಗಳು ಕಟ್ಟಿದ್ರಲ್ಲ ಹನ್ನೆರಡು ಸಾವಿರದ ಮುನ್ನೂರು, ಅದ್ರಲ್ಲಿ ಅಸಲಿಗೆ ಹೋಗಿದ್ದು ಸಾವಿರದ ಮುನ್ನೂರ ನಲವತ್ತೆಂಟು. ಮಿಕ್ಕಿದ್ದೆಲ್ಲ ಬಡ್ಡಿ ಅಕ್ಕಾ. ಅಸಲು ಇನ್ನೂ ಒಂಬತ್ತು ಲಕ್ಷದ ಏಳು ಸಾವಿರ ಹಂಗೇ ಇದೆ.’

‘ಯಜಮಾನ್ರದ್ದು ಎಷ್ಟು ಬಡ್ಡಿ?’

ಅವಳು ಬಾಗಿಲ ಕಡೆ ನೋಡಿ ಮೆಲ್ಲಗೆ ಹೇಳಿದಳು, ‘ಎಂಟೂಮುಕ್ಕಾಲು.’

ಕೊನೇ ಕಂತು ಎರಡು ಸಾವಿರದ ನಲವತ್ತನೇ ಇಸವಿಯ ಮಾರ್ಚ್. ಆಗ ಭೀಮೇಶನಿಗೆ ಅರವತ್ತೆರಡು. ಕುಲುಮೆ ಕೆಲಸದಲ್ಲಿ ಅರವತ್ತು ದಾಟಿದ ಗಂಡಸನ್ನ ನಾನು ನೋಡಿಲ್ಲ. ಎದೆ ಬಿಡಲ್ಲ. ಒಟ್ಟು ಕಟ್ಟೋದು ಮೂವತ್ತೆರಡು ಲಕ್ಷದ ಅರವತ್ತಾರು ಸಾವಿರ. ತಗೊಂಡಿದ್ದು ಒಂಬತ್ತು ಲಕ್ಷದ ಇಪ್ಪತ್ತು. ಒಂದು ಮನೆ ನಮಗೆ, ಎರಡೂವರೆ ಮನೆ ಅವರಿಗೆ. ಜಲ್ಲಿ ಹೊತ್ತಿದ್ದು ಮಾತ್ರ ನಾನೊಬ್ಬಳೇ.

ಅವತ್ತು ಮಧ್ಯಾಹ್ನ ನಾನು ಅಳಲಿಲ್ಲ. ನಾಲ್ಕು ಗಂಟೆ ಉಜ್ಜೋದನ್ನ ಎರಡೇ ಗಂಟೆಯಲ್ಲಿ ಉಜ್ಜಿದೆ. ಫೌಂಡ್ರಿ ಮೇಸ್ತ್ರಿ ಬಂದು, ‘ಏನವ್ವಾ, ಕಬ್ಬಿಣನೇ ತಿಂದುಬಿಡ್ತೀಯಾ?’ ಅಂದ.

ಮನೆಗೆ ಬಂದು ಹೇಳಿದಾಗ ಭೀಮೇಶ್ ಹಾಳೆ ಮಡಚಿ ನನ್ನ ಕೈಗೇ ಕೊಟ್ಟ. ಆಮೇಲೆ, ‘ಬಿಡು. ದೊಡ್ಡೋರ ಹತ್ರ ಏನು ಮಾತಾಡ್ತೀಯ’ ಅಂದ. ಅವನ ಮೇಲೆ ನನಗೆ ಸಿಟ್ಟು ಬಂತು. ‘ಯಾವ ದೊಡ್ಡೋರು? ತಿಂಗಳಾ ತಿಂಗಳಾ ನಮ್ಮ ಬೆವರು ನೆಕ್ಕಿ ಬದುಕೋರು ದೊಡ್ಡೋರಾ?’ ಅಂದೆ.

ಸೋಮವಾರ ನಾನೊಬ್ಬಳೇ ದುರ್ಗಿಗುಡಿಗೆ ಹೋದೆ. ಆಫೀಸು ತಂಪು. ಗೋಡೆ ತುಂಬ ನಗೋ ಸಂಸಾರಗಳ ಪೋಸ್ಟರು. ಒಂದರ ಮೇಲೆ ಕೆಂಪಲ್ಲಿ ಬರೆದಿತ್ತು: ‘ಹೊಸ ಗ್ರಾಹಕರಿಗೆ ಶೇಕಡ ಹನ್ನೆರಡರಿಂದ.’ ಮ್ಯಾನೇಜರ್ ವಿಶ್ವಾರಾಧ್ಯ ಅಂತ. ಹಣೆಗೆ ವಿಭೂತಿ, ಕಿವಿಗೆ ಫೋನು. ಎದುರಿಗೆ ಎರಡು ಕುರ್ಚಿ ಖಾಲಿ ಇದ್ದವು. ಕೂರು ಅನ್ನಲಿಲ್ಲ.

ಹಾಳೆ ಮುಂದಿಟ್ಟೆ. ‘ಸಾರ್, ವರ್ಷ ಯಾಕೆ ಏರಿಸಿದ್ರಿ? ನಮ್ಮನ್ನ ಯಾಕೆ ಕೇಳಲಿಲ್ಲ?’

‘ಮೆಸೇಜ್ ಬಂದಿರುತ್ತೆ ನೋಡಮ್ಮ.’

‘ಇಂಗ್ಲಿಷಲ್ಲಿ ಬಂದಿರಬಹುದು.’

‘ಇದು ಫ್ಲೋಟಿಂಗ್ ರೇಟು. ಮಾರ್ಕೆಟ್ ಮೇಲೆ ಹೋದ್ರೆ ಮೇಲೆ. ನಿನಗೆ ಅರ್ಥ ಆಗಲ್ಲ.’

‘ಮೇಲೆ ಹೋದಾಗ ಮೇಲೆ ಸರಿ. ಗೋಡೆ ಮೇಲೆ ಹನ್ನೆರಡು ಅಂತಿದೆಯಲ್ಲ. ನಮಗೆ ಹದಿನಾಲ್ಕೂವರೆ ಯಾಕೆ?’

‘ಅದು ಹೊಸಬರಿಗೆ.’

‘ಏಳು ವರ್ಷ ತಪ್ಪದೆ ಕಟ್ಟಿದೋಳಿಗೆ ಜಾಸ್ತಿ, ಒಂದು ರೂಪಾಯಿನೂ ಕಟ್ಟದೆ ಇರೋನಿಗೆ ಕಮ್ಮಿ. ಹೌದಾ?’

ಅವನು ಗಡಿಯಾರ ನೋಡಿದ. ಅಷ್ಟರಲ್ಲಿ ಒಳಕೋಣೆಯಿಂದ ಜ್ಞಾನೇಶ್ ಬಂದ. ಹೊಟ್ಟೆ ಬಂದಿದೆ. ಕೊರಳಲ್ಲಿ ಐಡಿ ಕಾರ್ಡಿನ ಪಟ್ಟಿ, ಕೈಯಲ್ಲಿ ಕಾರಿನ ಕೀ. ನನ್ನ ಗುರುತು ಹಿಡಿಯದವನ ಹಾಗೆ ಹೊರಟಿದ್ದ. ‘ಏನು ಜ್ಞಾನೇಶ್, ಟೀ ಆಯ್ತಾ?’ ಅಂದೆ. ನಿಂತ. ‘ಓ ಅಕ್ಕಾ! ನೀವಾ!’ ಮುಖದ ತುಂಬ ಹಲ್ಲು.

ಗಂಡನ ಕೆಮ್ಮಿನ ವಿಷಯವನ್ನೂ ಹೇಳಿದೆ. ಇಬ್ಬರೂ ಸೇರಿ ನನಗೆ ದಾರಿ ತೋರಿಸಿದರು. ಎರಡು ಲಕ್ಷ ಟಾಪ್‌ಅಪ್ ತಗೋ. ಅಂದ್ರೆ ಇದೇ ಸಾಲದ ಮೇಲೆ ಇನ್ನಷ್ಟು ಸಾಲ. ಗಂಡನ ಕಾಯಿಲೆಗೆ ಆಗುತ್ತೆ. ಕಂತು ಅದೇ ಇರುತ್ತೆ, ವರ್ಷ ಮಾತ್ರ ಸ್ವಲ್ಪ ಮುಂದೆ ಹೋಗುತ್ತೆ. ‘ಇಲ್ಲೊಂದು ಸಹಿ ಹಾಕಿ ಅಕ್ಕಾ, ಮಿಕ್ಕಿದ್ದು ನಾನು ನೋಡ್ಕೋತೀನಿ.’ ಕಾಗದ ರೆಡಿ ಇತ್ತು. ಪೆನ್ನು ಮುಚ್ಚಳ ತೆಗೆದು ಕೈಗೇ ಕೊಟ್ಟ.

‘ಆ ಇನ್ಶೂರೆನ್ಸ್ ಏನಾಯ್ತು? ನನ್ನ ಗಂಡನಿಗೆ ಏನಾದ್ರೂ ಆದ್ರೆ ಸಾಲ ತೀರುತ್ತೆ ಅಂತ ನೀನೇ ಅಂದಿದ್ದೆ.’

ಜ್ಞಾನೇಶ್ ಮ್ಯಾನೇಜರನ್ನ ನೋಡಿದ. ಮ್ಯಾನೇಜರ್ ಕಂಪ್ಯೂಟರನ್ನ ನೋಡಿದ. ‘ಅದು ಐದು ವರ್ಷದ ಪಾಲಿಸಿ. ಇಪ್ಪತ್ತೆರಡರಲ್ಲೇ ಮುಗಿದಿದೆ.’

ಐದು ವರ್ಷದ ಪಾಲಿಸಿಯ ಬಡ್ಡಿಯನ್ನ ಇಪ್ಪತ್ತೆರಡು ವರ್ಷ ಕಟ್ಟಬೇಕು. ಇಂಥದ್ದನ್ನ ಯೋಚನೆ ಮಾಡೋಕೆ ಓದಿರಬೇಕು. ನಮ್ಮ ಕೇರಿಯಲ್ಲಿ ಕುಡಿದು ಬಿದ್ದವನ ಜೇಬಿಗೂ ಯಾರೂ ಹೀಗೆ ಕೈ ಹಾಕಲ್ಲ.

ಪೆನ್ನು ಟೇಬಲ್ ಮೇಲಿಟ್ಟೆ. ‘ಹಾಕಲ್ಲ.’

‘ಏನು?’

‘ಸಹಿ ಹಾಕಲ್ಲ. ಮೊದಲು ನೀವು ಹಾಕಿ. ನಾವು ತಗೊಂಡಿದ್ದೆಷ್ಟು, ಕಟ್ಟಿದ್ದೆಷ್ಟು, ಕಟ್ಟಬೇಕಾಗಿರೋದೆಷ್ಟು. ಕನ್ನಡದಲ್ಲಿ ಬರೆದು ಸೀಲು ಹೊಡೆದು ಕೊಡಿ.’

‘ಹಂಗೆಲ್ಲ ಕೊಡೋ ಪದ್ಧತಿ ಇಲ್ಲ.’

‘ನಮ್ಮ ಗೋಡೆ ಮೇಲೆ ಕನ್ನಡದಲ್ಲಿ ಬರೆಯೋ ಪದ್ಧತಿ ಇದೆ. ಕಾಗದದ ಮೇಲೆ ಇಲ್ವಾ?’

ವಿಶ್ವಾರಾಧ್ಯನ ದನಿ ಏರಿತು. ‘ನೋಡಮ್ಮಾ, ನಿಮ್ಮಂಥೋರಿಗೆ ಯಾವ ಬ್ಯಾಂಕೂ ಬಾಗಿಲು ತೆಗೆಯಲ್ಲ. ನಾವು ಕೊಟ್ವಿ. ನಿಮಗೆ ಮನೆ ಅಂತ ಆಗಿದ್ದೇ ನಮ್ಮಿಂದ. ಅದು ನೆನಪಿರಲಿ.’

‘ನಮ್ಮಂಥೋರು ಅಂದ್ರೆ ಯಾರು?’ ಅಂದೆ. ‘ಬಾಯಿಬಿಟ್ಟು ಹೇಳಯ್ಯಾ. ಬ್ಯಾಂಕಿನೋಳು ಲಿಸ್ಟು ಅಂತಾಳೆ, ನೀನು ನಿಮ್ಮಂಥೋರು ಅಂತೀಯ. ಬ್ಯಾಂಕು ಬಾಗಿಲು ಹಾಕಿದ್ದಕ್ಕೇ ನಿನ್ನ ಅಂಗಡಿ ನಡೀತಿರೋದು. ಅವರು ತಳ್ತಾರೆ, ನೀವು ಹಿಡೀತೀರ. ನಿನ್ನ ಈ ತಣ್ಣನೆ ಗಾಳಿಗೆ ದುಡ್ಡು ಕೊಡ್ತಿರೋಳು ನಾನು. ನೀನು ನನಗೆ ಮನೆ ಕೊಟ್ಟಿಲ್ಲ. ನಾನು ನಿನಗೆ ಸಂಬಳ ಕೊಡ್ತಿದ್ದೀನಿ.’

‘ಸಾರ್’ ಅನ್ನೋದು ಎಲ್ಲಿ ಬಿದ್ದು ಹೋಯಿತೋ ಗೊತ್ತಿಲ್ಲ. ಮತ್ತೆ ಹುಡುಕಲಿಲ್ಲ.

ಪಕ್ಕದ ಟೇಬಲಲ್ಲಿ ಗಂಡ ಹೆಂಡತಿ ಸಹಿ ಹಾಕ್ತಿದ್ದರು. ಹೊಸಬರು. ಗಂಡಸಿನ ಉಗುರಲ್ಲಿ ಗ್ರೀಸು. ಅವನ ಮುಂದೆಯೂ ದಪ್ಪ ಕಟ್ಟು. ನಾನು ಅವರ ಕಡೆ ತಿರುಗಿದೆ.

‘ಎಷ್ಟಪ್ಪಾ ಸಾಲ?’

‘ಎಂಟು ಲಕ್ಷ ಅಕ್ಕಾ.’

‘ಒಟ್ಟು ಎಷ್ಟು ಕಟ್ಟಬೇಕು ಅಂತ ಕೇಳಿದ್ಯಾ? ತಿಂಗಳಿಂದು ಬೇಡ. ಒಟ್ಟು. ಬಡ್ಡಿ ಏರಿದ್ರೆ ಕಂತು ಏರುತ್ತೋ ವರ್ಷ ಏರುತ್ತೋ ಕೇಳು. ಕೈಗೆ ಎಷ್ಟು ಬರುತ್ತೆ ಕೇಳು. ನಾನು ಕೇಳಲಿಲ್ಲ. ಒಂಬತ್ತು ಲಕ್ಷಕ್ಕೆ ಮೂವತ್ತೆರಡು ಲಕ್ಷ ಕಟ್ಟೋಳು ನಾನು. ನನ್ನ ಮುಖ ನೋಡ್ಕೊಂಡು ಸಹಿ ಹಾಕು.’

ಅವನ ಹೆಂಡತಿ ಗಂಡನ ಕೈಯಿಂದ ಪೆನ್ನು ತಗೊಂಡಳು. ‘ಒಟ್ಟು ಎಷ್ಟಾಗುತ್ತೆ ಸಾರ್?’ ಅಂತ ಎದುರಿಗಿದ್ದವನನ್ನ ಕೇಳಿದಳು. ಅವನು ಕಟ್ಟಿನ ಹಾಳೆ ತಿರುವಿ ತಿರುವಿ ಹುಡುಕಿದ.

‘ಕರಿಯಪ್ಪಾ!’ ಅಂತ ಮ್ಯಾನೇಜರ್ ಕೂಗಿದ. ಬಾಗಿಲು ಕಾಯೋ ಕರಿಯಪ್ಪ ಬಂದ. ಅರವತ್ತರ ಆಸುಪಾಸು, ಮೈಗಿಂತ ದೊಡ್ಡ ಯೂನಿಫಾರಂ. ‘ಈ ಹೆಂಗಸನ್ನ ಹೊರಗೆ ಕಳ್ಸು.’

ನಾನು ನೆಲದ ಮೇಲೆ ಕೂತುಬಿಟ್ಟೆ. ‘ಕೈ ಹಾಕಣ್ಣಾ ನೋಡೋಣ’ ಅಂದೆ.

ಕರಿಯಪ್ಪ ನನ್ನ ನೋಡಿದ. ನೆಲದ ಮೇಲೆ ಹರಡಿದ್ದ ಹಾಳೆ ನೋಡಿದ. ‘ಹೆಂಗಸ್ರ ಮೈ ಮುಟ್ಟೋದು ನನ್ನ ಡ್ಯೂಟಿ ಅಲ್ಲ ಸಾರ್’ ಅಂದ. ಹೋಗಿ ಬಾಗಿಲ ಹತ್ರ ನಿಂತ. ಅಲ್ಲಿಂದ ಮೆಲ್ಲಗೆ, ‘ನಮ್ದೂ ಇದೇ ಕಂಪನಿ ಸಾಲ’ ಅಂದ. ಯಾರಿಗೆ ಹೇಳಿದನೋ.

ಎರಡು ಗಂಟೆ ಕೂತೆ. ಬಂದ ಗಿರಾಕಿಗಳಿಗೆಲ್ಲ ಅದೇ ಮೂರು ಪ್ರಶ್ನೆ ಹೇಳಿಕೊಟ್ಟೆ. ಮೂರು ಜನ ಆಮೇಲೆ ಬರ್ತೀವಿ ಅಂತ ಎದ್ದು ಹೋದರು. ನಾಲ್ಕನೆಯವನು ಎದ್ದಾಗ ವಿಶ್ವಾರಾಧ್ಯ ಯಾರಿಗೋ ಫೋನ್ ಮಾಡಿದ, ಇಂಗ್ಲಿಷಲ್ಲಿ. ಆಮೇಲೆ ಪೆನ್ನು ತಗೊಂಡು ಕನ್ನಡದಲ್ಲಿ ಬರೆದ. ತಪ್ಪು ತಪ್ಪು ಬರೆದ. ‘ಅಸಲು’ ಅನ್ನೋದನ್ನ ಎರಡು ಸಲ ತಿದ್ದಿದ. ಸೀಲು ಹೊಡೆದ.

‘ಬಡ್ಡಿ ಇಳಿಸೋಕೆ ಒಂದು ಅರ್ಜಿ ಇದೆ. ಏಳು ಸಾವಿರ ಶುಲ್ಕ. ಕಟ್ಟಿದ್ರೆ ಹನ್ನೆರಡಕ್ಕೆ ಬರುತ್ತೆ.’

‘ಈ ಅರ್ಜಿ ಯಾವಾಗಿಂದ ಇದೆ?’

‘ಮೊದಲಿಂದ ಇದೆ.’

‘ಯಾಕೆ ಹೇಳಲಿಲ್ಲ?’

‘ಕೇಳಿದೋರಿಗೆ ಹೇಳ್ತೀವಿ.’

ಇಷ್ಟೇ. ಅಷ್ಟು ದೊಡ್ಡ ಕಂಪನಿ, ಅಷ್ಟು ದಪ್ಪ ಕಾಗದ, ಇಷ್ಟು ಸಣ್ಣ ಬುದ್ಧಿ.

ಏಳು ಸಾವಿರವನ್ನ ರಶ್ಮಿ ಕೈಗಡ ಕೊಟ್ಟಳು. ಫೆಬ್ರವರಿಯಲ್ಲಿ ಹೊಸ ಪಟ್ಟಿ ಬಂತು. ಒಂದೇ ಒಂದು ಕಾಗದಕ್ಕೆ ನಲವತ್ತೊಂಬತ್ತು ಕಂತು ಉದುರಿ ಬಿದ್ದವು. ಆರು ಲಕ್ಷ ರೂಪಾಯಿ. ಆದರೂ ಇನ್ನೂ ಹನ್ನೊಂದು ವರ್ಷ ಚಿಲ್ಲರೆ ಇದೆ. ಗೆದ್ದೆ ಅಂತ ನಾನು ಹೇಳಲ್ಲ. ಭೀಮೇಶ್ ಕುಲುಮೆ ಬಿಟ್ಟಿಲ್ಲ. ಬಿಡೋ ಹಾಗಿಲ್ಲ. ಕೆಮ್ಮು ಹಾಗೇ ಇದೆ.

ಜ್ಞಾನೇಶ್ ಮಾತ್ರ ಫೋನ್ ಮಾಡಿದ. ‘ಖುಷಿ ಆಯ್ತಾ ಅಕ್ಕಾ? ಒಂದು ಸಣ್ಣ ವಿಡಿಯೋ ಮಾಡೋಣ. ನಮ್ಮ ಕಂಪನಿ ಬಡ್ಡಿ ಇಳಿಸಿ ಸಹಾಯ ಮಾಡ್ತು ಅಂತ ಎರಡು ಮಾತು ಹೇಳಿ ಸಾಕು.’

‘ಬಾ’ ಅಂದೆ. ‘ನಮ್ಮ ಬೀದಿಗೆ ಬಾ. ಎಲ್ಲರ ಮುಂದೆ ಹೇಳ್ತೀನಿ.’ ಬರಲಿಲ್ಲ.

ನಾನೇ ಬೀದಿಯ ಮನೆ ಮನೆಗೆ ಹೋದೆ. ನೀಲಿ ಅಕ್ಷರ ಇರೋ ಗೋಡೆ ಹದಿನೆಂಟು. ಯಾರಿಗೂ ತಮ್ಮದು ಎಷ್ಟು ಉಳಿದಿದೆ ಅಂತ ಗೊತ್ತಿರಲಿಲ್ಲ. ಕೆಲವರು ಬಾಯಿಬಿಡೋಕೇ ನಾಚಿದರು. ಸಾಲ ಕೊಟ್ಟವನಿಗಿಲ್ಲದ ನಾಚಿಕೆ ನಮಗ್ಯಾಕೆ ಅಂತ ಬೈದೆ. ಬೈದ ಮೇಲೆ ಪೆಟ್ಟಿಗೆ ತೆಗೆದು ಸಾಲದ ಕಾಗದ ತೋರಿಸಿದರು.

ಮಾರ್ಚಿನ ಒಂದು ಸೋಮವಾರ ಹದಿನೆಂಟೂ ಮನೆಯವರು ಕೂಲಿ ಬಿಟ್ಟು, ನಮ್ಮ ನಮ್ಮ ಲೆಕ್ಕ ಕನ್ನಡದಲ್ಲಿ ಬರೆಸಿಕೊಳ್ಳೋಕೆ ಅಂತ ಬಸ್ ಹತ್ತಿದೆವು. ಭೀಮೇಶನೂ ಬಂದ. ದುರ್ಗಿಗುಡಿಯ ಆ ತಂಪು ಆಫೀಸಿಗೆ ಒಟ್ಟಿಗೆ ನುಗ್ಗಿದೆವು. ಬೆವರು, ಸೊಪ್ಪು, ಗ್ರೀಸು, ಬೀಡಿ, ಎಲ್ಲ ವಾಸನೆಯೂ ಒಟ್ಟಿಗೆ. ಕರಿಯಪ್ಪ ಬಾಗಿಲನ್ನ ಅಗಲ ತೆರೆದು ಹಿಡಿದಿದ್ದ. ವಿಶ್ವಾರಾಧ್ಯ ಎದ್ದು ನಿಂತ. ಮೂಗಿನ ಹತ್ರ ಕರ್ಚೀಫು.

‘ಏನಿದು ಸಂತೆ? ಒಬ್ಬೊಬ್ರಾಗಿ ಬನ್ನಿ. ಒಬ್ಬೊಬ್ರಾಗಿ.’

ಹುಚ್ಚಮ್ಮ ಸೊಪ್ಪಿನ ಪುಟ್ಟಿಯನ್ನ ಅವನ ಟೇಬಲ್ ಮೇಲೆ, ಫೈಲಿನ ಮೇಲೆಯೇ ಕುಕ್ಕಿದಳು. ಖಾಲಿ ಕುರ್ಚಿ ಎಳೆದು ಕೂತಳು.

‘ಒಬ್ಬೊಬ್ರಾಗಿ ಬಂದಿದ್ದಕ್ಕೇ ಹಿಂಗಾಗಿದ್ದು’ ಅಂದಳು. ‘ಬರಿ.’